ದೋಹಾದಲ್ಲಿ ಒಂದು ಜಪಾನಿ ಮೂಕಿ ಚಿತ್ರಕ್ಕೆ ದನಿಯಾದದ್ದು

2006ರ ಆರಂಭದಲ್ಲಿ ನಾನು ಮಾಡುತ್ತಿದ್ದ ಕೆಲಸಕ್ಕೆ ಒಂದು ಹೆಸರಿರಲಿಲ್ಲ. ಕತಾರಿನ ರೆಸಿಡೆನ್ಸ್ ಪರ್ಮಿಟ್‌ನಲ್ಲಿ ನಾನು ಗೃಹಿಣಿ. ಆದರೆ ವಾರದಲ್ಲಿ ನಾಲ್ಕು ದಿನ, ಬೆಳಿಗ್ಗೆ ಒಂಬತ್ತೂವರೆಯಿಂದ ಹನ್ನೊಂದರವರೆಗೆ, ದೋಹಾದ ನಮ್ಮ ಫ್ಲ್ಯಾಟಿನ ಊಟದ ಮೇಜಿನ ಸುತ್ತ ಐದಾರು ಜಪಾನಿ ಹೆಂಗಸರು ಕುಳಿತು ನನ್ನಿಂದ ಸ್ಪೋಕನ್ ಇಂಗ್ಲಿಷ್ ಕಲಿಯುತ್ತಿದ್ದರು. ಅವರ ಗಂಡಂದಿರು ಉತ್ತರದ ರಾಸ್ ಲಫಾನ್‌ನಲ್ಲಿ ಗ್ಯಾಸ್ ಪ್ಲಾಂಟ್ ಕಟ್ಟಲು ಬಂದ ಎಂಜಿನಿಯರುಗಳು. ಮಂಗಳೂರಿನ ಕಾನ್ವೆಂಟಿನಲ್ಲಿ ಸಿಸ್ಟರುಗಳು ಹನ್ನೆರಡು ವರ್ಷ ತಿದ್ದಿದ ನನ್ನ ಉಚ್ಚಾರಣೆ ಕೊನೆಗೂ ಒಂದು ಉಪಯೋಗಕ್ಕೆ ಬಂದಿತ್ತು. ಏಷ್ಯನ್ ಗೇಮ್ಸ್‌ಗೆಂದು ಊರಿನ ರಸ್ತೆಗಳನ್ನೆಲ್ಲ ಅಗೆದು ಹಾಕಿದ್ದ ವರ್ಷ ಅದು. ವಿದ್ಯಾರ್ಥಿನಿಯರು ದಿನಕ್ಕೊಂದು ಹೊಸ ದಾರಿ ಹುಡುಕಿಕೊಂಡು ಬರುತ್ತಿದ್ದರು. ಆದರೂ ಒಬ್ಬರೂ ಒಂದು ನಿಮಿಷ ತಡವಾಗಿ ಬಂದದ್ದು ನನಗೆ ನೆನಪಿಲ್ಲ.

ಅವರಲ್ಲಿ ಹಾರುಮಿ ಎಂಬವಳು ಎಲ್ಲರಿಗಿಂತ ಕಡಿಮೆ ಮಾತಿನವಳು. ಮೂರು ಪೆನ್ಸಿಲುಗಳನ್ನು ಒಂದೇ ಅಳತೆಗೆ ಚೂಪು ಮಾಡಿ ಪುಸ್ತಕದ ಪಕ್ಕ ಸಾಲಾಗಿ ಇಡುವಳು. ಒಂದು ದಿನ ‘ನನ್ನ ಕುಟುಂಬ’ ಎಂಬ ವಿಷಯದ ಮೇಲೆ ಐದು ವಾಕ್ಯ ಹೇಳಲು ಕೊಟ್ಟಾಗ ಅವಳು ತನ್ನ ಅಜ್ಜ ‘ಬೆನ್ಶಿ’ ಆಗಿದ್ದ ಎಂದಳು. ನನಗೆ ಅರ್ಥವಾಗಲಿಲ್ಲ. ಅವಳು ಎದ್ದು ನಿಂತು, ನಮ್ಮ ಟಿವಿಯ ಪಕ್ಕಕ್ಕೆ ಹೋಗಿ, ಒಂದು ಕೈಯಲ್ಲಿ ಇಲ್ಲದ ಬೀಸಣಿಗೆ ಹಿಡಿದು ತೋರಿಸಿದಳು.

ಸಿನೆಮಾಕ್ಕೆ ಮಾತು ಬರುವ ಮೊದಲು ಜಪಾನಿನ ಥಿಯೇಟರುಗಳಲ್ಲಿ ಪರದೆಯ ಪಕ್ಕ ಒಬ್ಬ ನಿಲ್ಲುತ್ತಿದ್ದನಂತೆ. ತೆರೆಯ ಮೇಲಿನ ಅಪ್ಪ, ಮಗಳು, ಅತ್ತೆ, ಸಾಹುಕಾರ, ಎಲ್ಲರಿಗೂ ಅವನದೇ ದನಿ. ನಡುನಡುವೆ ಕಥೆಯನ್ನೂ ಅವನೇ ಹೇಳಬೇಕು. ಅವನೇ ಬೆನ್ಶಿ. ಜನ ನಟರಿಗಾಗಿ ಅಲ್ಲ, ಇಂಥ ಬೆನ್ಶಿ ಇದ್ದಾನೆಂದು ಟಿಕೆಟ್ ಕೊಳ್ಳುತ್ತಿದ್ದ ಕಾಲವೂ ಇತ್ತಂತೆ. ಮಾತಿನ ಚಿತ್ರ ಬಂದ ಮೇಲೆ ಹಾರುಮಿಯ ಅಜ್ಜ ಕೊಡೆ ರಿಪೇರಿಯ ಅಂಗಡಿ ಇಟ್ಟ.

“ನಮ್ಮೂರಲ್ಲೂ ಹೀಗೆ ಒಂದು ಉಂಟು” ಎಂದು ನಾನು ತಾಳಮದ್ದಳೆಯ ವಿಷಯ ಹೇಳಿದೆ. ವೇಷವಿಲ್ಲ, ಕುಣಿತವಿಲ್ಲ, ಭಾಗವತರು ಪದ ಹಾಡಿದ ಮೇಲೆ ಅರ್ಥಧಾರಿಗಳು ಕುಳಿತಲ್ಲೇ ಪಾತ್ರವಾಗಿ ಮಾತನಾಡುತ್ತಾರೆ, ಮಾತು ಬರೆದುಕೊಂಡಿರುವುದಿಲ್ಲ, ಆ ಹೊತ್ತಿಗೆ ಹೊಳೆದದ್ದು ಎಂದೆ. ನನ್ನ ದೊಡ್ಡಪ್ಪ ಒಳ್ಳೆಯ ಅರ್ಥಧಾರಿ. ಹಾರುಮಿಯ ಕಣ್ಣು ಅಗಲವಾಯಿತು. ಮರುವಾರ ಅವಳು ಒಂದು ಡಿವಿಡಿ ತಂದಳು. ಅಜ್ಜನ ಪೆಟ್ಟಿಗೆಯಲ್ಲಿ ಸಿಕ್ಕ ಹಳೆಯ ರೀಲುಗಳಿಂದ ಮಾಡಿಸಿದ್ದು, ಅರವತ್ತೆರಡು ನಿಮಿಷದ ಚಿತ್ರ. ಮೊದಲ ತುಂಡು ಹಾಳಾಗಿದ್ದರಿಂದ ಚಿತ್ರದ ಹೆಸರು ಮನೆಯವರಿಗೂ ಗೊತ್ತಿರಲಿಲ್ಲ. ದನಿಯ ಜೊತೆಗೆ ಅದನ್ನು ಒಮ್ಮೆ ನೋಡಬೇಕೆಂಬುದು ಅವಳ ಆಸೆ. ಭಾಷೆ ಯಾವುದಾದರೂ ಆಗಬಹುದು ಎಂದಳು. ಕನ್ನಡದಲ್ಲಿ ನಾನೇ ದನಿ ಕೊಡುತ್ತೇನೆಂದು ಒಪ್ಪಿಕೊಂಡೆ.

ಕಥೆ ಸರಳ. ಬಟ್ಟೆಯನ್ನು ನೀಲಿ ಬಣ್ಣದಲ್ಲಿ ಅದ್ದುವ ಒಬ್ಬನ ಮಗಳು. ಅಪ್ಪನ ಕಣ್ಣು ಮಂಜಾಗುತ್ತಿದೆ, ಕೆಳಗೆ ಇಬ್ಬರು ತಂಗಿಯರು. ಬಣ್ಣ ಮಾರುವ ದೊಡ್ಡ ಮನೆಯವರು ಇವಳನ್ನು ಸೊಸೆಯಾಗಿ ಕೇಳುತ್ತಾರೆ. ಸಂಬಂಧವಾದರೆ ಅಪ್ಪನ ಕಸುಬು ಉಳಿಯುತ್ತದೆ. ಇವಳ ಮನಸ್ಸು ಮಾತ್ರ ತಂತಿ ಕಚೇರಿಯ ಗುಮಾಸ್ತನ ಮೇಲಿದೆ. ಅವನಿಗೆ ದೂರದ ದ್ವೀಪಕ್ಕೆ ವರ್ಗವಾಗಿದೆ. ಆ ಕಾಲದ ಜಪಾನಿ ಚಿತ್ರಗಳಲ್ಲಿ ಹೆಚ್ಚಿನವು ಇದೇ ಎರಡು ಎಳೆಗಳ ಜಗ್ಗಾಟ ಎಂದು ಹಾರುಮಿ ಹೇಳಿದಳು: ಮನೆಗೆ ಸಲ್ಲಬೇಕಾದದ್ದು ಒಂದು, ಮನಸ್ಸಿಗೆ ಬೇಕಾದದ್ದು ಇನ್ನೊಂದು. ಹುಡುಗಿಯ ಕೈ ಮಣಿಕಟ್ಟಿನವರೆಗೆ ಕಪ್ಪಾಗಿ ಕಾಣುತ್ತದೆ. ಕಪ್ಪುಬಿಳುಪು ಚಿತ್ರದಲ್ಲಿ ಅದು ನೀಲಿ ಎಂದು ನಾನು ಹೇಳಬೇಕಿತ್ತು. ಹೇಳುವವರಿಲ್ಲದಿದ್ದರೆ ಅದು ಬರೀ ಮಸಿ.

ಕೊನೆಯ ದೃಶ್ಯ ದೋಣಿ ಕಟ್ಟೆಯದು. ಹುಡುಗಿ ಗಂಟು ಹಿಡಿದು ನಿಂತಿದ್ದಾಳೆ. ಮುಖ ಹತ್ತಿರ ಬರುತ್ತದೆ. ತುಟಿ ಚೂರು ಅಲುಗುತ್ತದೆ. ಪಾತ್ರದ ಮಾತನ್ನು ಬರೆದು ತೋರಿಸುವ ಅಕ್ಷರದ ಫಲಕ ಇಲ್ಲಿ ಬರುವುದಿಲ್ಲ. ಆಮೇಲೆ ದೋಣಿ ದೂರದಲ್ಲಿದೆ, ಕಟ್ಟೆ ಖಾಲಿ. ಅವಳು ದೋಣಿ ಹತ್ತಿದಳೋ ಮನೆಗೆ ಹೋದಳೋ ಕಾಣುವುದಿಲ್ಲ.

“ಬೇರೆ ಬೆನ್ಶಿಗಳು ಅಲ್ಲಿ ಬೇರೆ ಬೇರೆ ಮಾತು ಹೇಳುತ್ತಿದ್ದರು” ಎಂದಳು ಹಾರುಮಿ, ತನ್ನ ನಿಧಾನದ ಇಂಗ್ಲಿಷಿನಲ್ಲಿ. “ಒಂದು ಊರಲ್ಲಿ ಅವಳು ಹೋದಳು. ಒಂದು ಊರಲ್ಲಿ ಹೋಗಲಿಲ್ಲ. ಅಜ್ಜ ಆ ಕೆಲಸದ ಕೊನೆಯ ವರ್ಷಗಳಲ್ಲಿ ಅಲ್ಲಿ ಏನೂ ಹೇಳಲಿಲ್ಲ. ಬೀಸಣಿಗೆ ಮಡಚಿದ, ಕುಳಿತ.”

ನಾನೂ ಹಾಗೆಯೇ ಮಾಡುವುದೆಂದು ನಾವಿಬ್ಬರೂ ಮಾತಾಡಿಕೊಂಡೆವು. ಆರು ಸಲ ರಿಹರ್ಸಲ್ ಮಾಡಿದೆವು. ಆರು ಸಲವೂ ಆ ಜಾಗದಲ್ಲಿ ನಾನು ಸುಮ್ಮನಿದ್ದೆ.

ಪ್ರದರ್ಶನಕ್ಕೆ ಸಿಕ್ಕ ಜಾಗ ನಮ್ಮ ಕರಾವಳಿ ಹೆಂಗಸರ ಕೂಟ. ತಿಂಗಳಿಗೊಮ್ಮೆ ಶುಕ್ರವಾರ ಸಂಜೆ ಯಾರದ್ದಾದರೂ ಮನೆಯಲ್ಲಿ ಸೇರುತ್ತಿದ್ದೆವು. ಮಾರ್ಚ್ ತಿಂಗಳ ಕೂಟ ಒಬ್ಬ ಸದಸ್ಯೆಯ ವಿಲ್ಲಾದಲ್ಲಿ, ಅತಿಥಿಗಳಿಗೆಂದು ಕಟ್ಟಿದ ಉದ್ದನೆಯ ಮಜ್ಲಿಸ್ ಕೋಣೆಯಲ್ಲಿ ಎಂದು ನಿಶ್ಚಯವಾಯಿತು. ನಮ್ಮ ಯಜಮಾನರು ತಮ್ಮ ಆಫೀಸಿನಿಂದ ಪ್ರೊಜೆಕ್ಟರ್ ತರುವುದಾಗಿ ಒಪ್ಪಿದರು.

ಅದಕ್ಕೆ ಹತ್ತು ದಿನ ಮೊದಲು ವನಿತಾ ಬಂದಳು.

ವನಿತಾ ಇಪ್ಪತ್ತೈದರ ಹುಡುಗಿ, ಒಂದು ಡೆಂಟಲ್ ಕ್ಲಿನಿಕ್‌ನಲ್ಲಿ ರಿಸೆಪ್ಷನಿಸ್ಟ್. ಅವಳ ಅಣ್ಣ ಜಗದೀಶ ನಮ್ಮ ಯಜಮಾನರ ಶಿಪ್ಪಿಂಗ್ ಆಫೀಸಿನಲ್ಲೇ, ಅವರ ಕೈಕೆಳಗೆ ಕೆಲಸ ಮಾಡುತ್ತಿದ್ದ. ಅವಳು ಅಣ್ಣ ಅತ್ತಿಗೆಯರ ಜೊತೆ ಇದ್ದಳು. ಬಂದವಳು ಕುರ್ಚಿಯ ತುದಿಯಲ್ಲಿ ಕುಳಿತಳು. ಬ್ಯಾಗನ್ನು ತೊಡೆಯಿಂದ ಇಳಿಸಲಿಲ್ಲ.

“ಅಕ್ಕ, ನಿಮ್ಮತ್ರ ಒಂದು ಹೇಳ್ಲಿಕ್ಕುಂಟು. ನಗಬೇಡಿ ಆಯ್ತಾ.”

“ನಗುವಂಥದ್ದಾ?”

“ಅಳುವಂಥದ್ದು. ಅತ್ತು ಆಗಿದೆ, ಹೆದರ್ಬೇಡಿ.”

ಅವಳಿಗೊಬ್ಬ ಹುಡುಗನಿದ್ದ. ಇಂಡಸ್ಟ್ರಿಯಲ್ ಏರಿಯಾದ ಒಂದು ವರ್ಕ್‌ಶಾಪಿನಲ್ಲಿ ಏಸಿ ಡಕ್ಟ್‌ಗಳ ಡ್ರಾಯಿಂಗ್ ಮಾಡುವ ನವೀನ, ದಾವಣಗೆರೆಯ ಕಡೆಯವನು, ಬೇರೆ ಜಾತಿ. ಮನೆಯಲ್ಲಿ ಹೇಳಿರಲಿಲ್ಲ. ಹೇಳುವುದು ಸುಲಭವೂ ಇರಲಿಲ್ಲ. ಆರು ವರ್ಷದ ಹಿಂದೆ ಜಗದೀಶನಿಗೆ ಸುಜಾತಳನ್ನು ತಂದಾಗ ಎರಡೂ ಮನೆಯ ಹಿರಿಯರು, ಮುಂದೆ ಈ ಮನೆಯ ಹುಡುಗಿ ಸುಜಾತಳ ಅಣ್ಣನಿಗೆ ಎಂದು ಮಾತಾಡಿಕೊಂಡಿದ್ದರು. ಅವನು ಮುಂಬಯಿಯಲ್ಲಿ ಹೋಟೆಲ್ ನಡೆಸುತ್ತಿದ್ದ. ಹೆಣ್ಣು ಕೊಟ್ಟು ಹೆಣ್ಣು ತರುವುದು ನಮ್ಮ ಕಡೆ ಹೊಸತಲ್ಲ. ಮಾತು ತಪ್ಪಿದರೆ ಸುಜಾತ ತವರಿನಲ್ಲಿ ತಲೆ ಎತ್ತುವಂತಿಲ್ಲ. ವನಿತಾ ಒಂದು ವರ್ಷದಿಂದ ‘ಈಗಲೇ ಬೇಡ’ ಎಂದು ಮುಂದೂಡುತ್ತಾ ಬಂದಿದ್ದಳು.

“ನೀವೊಮ್ಮೆ ಅಣ್ಣನತ್ರ ಮಾತಾಡಿ ಅಕ್ಕ. ನನಗೆ ಅವನ ಎದುರು ನಿಂತ್ರೆ ಗಂಟಲು ಕಟ್ತದೆ. ಸಣ್ಣದಿರುವಾಗ ಅಪ್ಪ ಹೋದ ಮೇಲೆ ಅವನೇ ಸಾಕಿದ್ದು. ನೀವು ಹೇಳಿದ್ರೆ ಕೇಳ್ತಾನೆ. ಕೇಳದಿದ್ರೂ ಪರ್ವಾಗಿಲ್ಲ, ಒಬ್ಬರು ಹೇಳಿದ್ರು ಅಂತ ಆಗ್ತದಲ್ಲ.”

“ಸಿನೆಮಾ ಒಂದು ಮುಗೀಲಿ. ಆ ವಾರವೇ ಮಾತಾಡ್ತೇನೆ” ಎಂದೆ. ಅವಳು ಆಗ ಬ್ಯಾಗನ್ನು ಕೆಳಗಿಟ್ಟು ಚಹಾ ಕುಡಿದಳು.

ಯಜಮಾನರಿಗೆ ಹೇಳಿದಾಗ ಅವರು ಪತ್ರಿಕೆ ಮಡಚಿಟ್ಟರು. “ನೋಡು, ಅದು ಅವರ ಮನೆ ವಿಷಯ. ಭಾನುವಾರ ಆಫೀಸಿಗೆ ಹೋಗಿ ನಾನು ಅವನ ಮುಖ ನೋಡ್ಲಿಕ್ಕುಂಟು. ನೀನು ಮಧ್ಯೆ ಹೋಗಿ ಕೂತ್ಕೊಳ್ಬೇಡ.” ನಾನು ಎದುರಾಡಲಿಲ್ಲ. ಹೋಗುವುದಿಲ್ಲ ಎಂದೂ ಹೇಳಲಿಲ್ಲ. ಎರಡೂ ಕಡೆಗೆ ಒಳ್ಳೆಯವಳಾಗಿ ಉಳಿಯುವ ಈ ಗುಣ ನನ್ನಲ್ಲಿ ಬಹಳ ಹಳೆಯದು. ಅದನ್ನು ನಾನು ಸೌಮ್ಯ ಸ್ವಭಾವ ಎಂದು ಕರೆದುಕೊಳ್ಳುತ್ತಿದ್ದೆ.

ಪ್ರದರ್ಶನದ ಸಂಜೆ ನಲವತ್ತಕ್ಕೂ ಹೆಚ್ಚು ಹೆಂಗಸರು ಸೇರಿದರು. ಗಂಡಸರು ಹೊರಗೆ ಅಂಗಳದಲ್ಲಿ ಮಕ್ಕಳಿಗೆ ಕ್ರಿಕೆಟ್ ಆಡಿಸುತ್ತಿದ್ದರು. ಗೋಡೆಗೆ ಬಿಳಿ ಬೆಡ್‌ಶೀಟ್ ಕಟ್ಟಿದ್ದೆವು. ಅದರ ಮೂಲೆಯಲ್ಲಿ ಇಸ್ತ್ರಿಯ ಸುಟ್ಟ ಗುರುತೊಂದಿತ್ತು. ಹಾರುಮಿ ಬೂದು ಬಣ್ಣದ ಕಿಮೋನೊ ಉಟ್ಟು ಬಂದಿದ್ದಳು. ಗೋಳಿಬಜೆಯ ತಟ್ಟೆಗಳ ಹತ್ತಿರ ನಾನು ಲೋಟ ಜೋಡಿಸುತ್ತಿದ್ದಾಗ ಸುಜಾತ ಪಕ್ಕಕ್ಕೆ ಬಂದಳು.

“ಅಕ್ಕ, ಸಿನೆಮಾದಲ್ಲಿ ಆ ಹುಡುಗಿ ಕೊನೆಗೆ ಮನೆಗೆ ಬರ್ತಾಳಲ್ವಾ?”

“ಗೊತ್ತಾಗುವುದಿಲ್ಲ ಮಾರಾಯ್ತಿ. ಹಾಗೇ ಬಿಟ್ಟಿದ್ದಾರೆ.”

“ಬಿಡುವುದೆಂತ? ಹೇಳುವವರು ನೀವಲ್ವಾ?” ಅವಳು ದನಿ ತಗ್ಗಿಸಿದಳು. ಬಳೆಗಳನ್ನು ಒಂದೊಂದೇ ಮೊಣಕೈ ಕಡೆಗೆ ಸರಿಸುತ್ತಿದ್ದಳು. “ನಮ್ಮ ವನಿತಾ ಕೂತಿದ್ದಾಳೆ. ಒಳ್ಳೆ ನಾಲ್ಕು ಮಾತು ಅವಳ ಕಿವಿಗೂ ಬೀಳಲಿ. ನಾವು ಹೇಳಿದ್ರೆ ಜಗಳ ಆಗ್ತದೆ, ನೀವು ಹೇಳಿದ್ರೆ ಸಿನೆಮಾ. ನನ್ನ ಅಮ್ಮ ದಿನಾ ಫೋನ್ ಮಾಡಿ ಕೇಳ್ತಾರೆ ಅಕ್ಕ. ನಾನು ಎಂತ ಹೇಳುವುದು?”

ಸುಜಾತ ಕೆಟ್ಟವಳಲ್ಲ. ಅವಳ ಕಣ್ಣಿನ ಕೆಳಗೆ ನಿದ್ದೆಗೆಟ್ಟ ಕಪ್ಪಿತ್ತು. “ನೋಡುವಾ” ಎಂದೆ. ಇಲ್ಲ ಎನ್ನಬೇಕಾದ ಕಡೆಯಲ್ಲೆಲ್ಲ ನಾನು ಬಳಸುವ ಪದ ಅದು.

ಚಿತ್ರ ಶುರುವಾಯಿತು. ಮೊದಲ ಐದು ನಿಮಿಷ, ಹಾರುಮಿ ಹಿಡಿದ ಟಾರ್ಚಿನ ಬೆಳಕಿನಲ್ಲಿ, ಬರೆದುಕೊಂಡ ಹಾಳೆಯಿಂದ ತಲೆ ಎತ್ತದೆ ಓದಿದೆ. ಹಿಂದಿನಿಂದ ಯಾರೋ, “ಎಂತ ಇದು, ಎಲ್ಲರೂ ಮುಖಕ್ಕೆ ಸುಣ್ಣ ಬಳ್ಕೊಂಡಿದ್ದಾರಾ?” ಎಂದರು. “ನೀನು ಮದುವೆಗೆ ಬಳ್ಕೊಂಡದ್ದಕ್ಕಿಂತ ಕಡಿಮೆಯೇ ಉಂಟು” ಎಂದು ಇನ್ನೊಬ್ಬರು. ನಗು ಎದ್ದಿತು. ಆ ನಗುವಿನಲ್ಲಿ ನನ್ನ ಹೆದರಿಕೆ ಹೋಯಿತು. ಅಪ್ಪನಿಗೆ ದಪ್ಪ ದನಿ ಕೊಟ್ಟೆ, ಬಣ್ಣದ ಸಾಹುಕಾರನಿಗೆ ಮೂಗಿನ ದನಿ. ತಂಗಿಯರು ಜಗಳವಾಡುವಲ್ಲಿ ನಮ್ಮೂರಿನ ಮಕ್ಕಳ ಮಾತನ್ನೇ ಹಾಕಿದೆ. ಕೋಣೆ ನನ್ನ ಹಿಡಿತಕ್ಕೆ ಬಂದದ್ದು ಗೊತ್ತಾಯಿತು. ಅದು ಎಂಥ ಸುಖವೆಂದು ವೇದಿಕೆ ಹತ್ತಿದವರಿಗೆ ಗೊತ್ತು. ನನಗೆ ಮೂವತ್ತೊಂಬತ್ತನೆಯ ವಯಸ್ಸಿನಲ್ಲಿ ಮೊದಲ ಸಲ ಗೊತ್ತಾಯಿತು.

ದೋಣಿ ಕಟ್ಟೆ ಬಂತು. ಮುಖ ಹತ್ತಿರ ಬಂತು. ಹಾರುಮಿ ಕೈಯಲ್ಲಿದ್ದ ಟಾರ್ಚನ್ನು, ನಾವು ಮಾತಾಡಿಕೊಂಡಂತೆ, ನನ್ನ ಹಾಳೆಯ ಮೇಲಿನಿಂದ ತೆಗೆದಳು. ಅಲ್ಲಿ ಓದಲಿಕ್ಕೆ ಏನೂ ಇರಲಿಲ್ಲ. ಕೋಣೆ ಕಾಯುತ್ತಿತ್ತು. ನಮ್ಮ ಕಡೆಯವರಿಗೆ ಕೊನೆಯಲ್ಲಿ ಬಾಯಿ ಮುಚ್ಚಿ ಕೂರುವ ಅರ್ಥಧಾರಿ ಗೊತ್ತಿಲ್ಲ. ಒಂದು ಒಳ್ಳೆಯ ಮಾತಿನಿಂದ ಮುಗಿಸಿದರೆ ಮಾತ್ರ ಪ್ರಸಂಗ ಮುಗಿದಂತೆ. ಮೂರನೆಯ ಸಾಲಿನಲ್ಲಿ ಸುಜಾತಳ ಪಕ್ಕ ವನಿತಾ ಕುಳಿತಿದ್ದು ಪರದೆಯ ಬೆಳಕಿನಲ್ಲಿ ನನಗೆ ಚೆನ್ನಾಗಿ ಕಾಣುತ್ತಿತ್ತು.

ನಾನು ಮಾತನಾಡಿದೆ.

“ಅಪ್ಪನ ಕಣ್ಣು ಮಂಜಾಗಿದೆ. ಆ ಮನೆಗೆ ಇನ್ನು ನಾನೇ ಕಣ್ಣು. ನನ್ನೊಬ್ಬಳ ಸುಖಕ್ಕಾಗಿ ಅಷ್ಟು ಜನರನ್ನು ಕತ್ತಲೆಯಲ್ಲಿ ಬಿಟ್ಟು ಹೋದರೆ ಆ ಸುಖದಲ್ಲಿ ನನಗೆ ದಾರಿ ಕಾಣುವುದು ಹೇಗೆ? ಅಂಬಿಗರೇ, ನನಗಾಗಿ ಕಾಯಬೇಡಿ. ದೋಣಿ ಬಿಡಿ.”

ತೆರೆಯ ಮೇಲೆ ಕಟ್ಟೆ ಖಾಲಿಯಾಯಿತು. ಆಮೇಲೆ ಚಪ್ಪಾಳೆ. ಇಬ್ಬರು ಮೂವರು ಸೆರಗಿನಿಂದ ಮೂಗು ಒರೆಸಿಕೊಂಡರು. ಸುಜಾತ ಅಲ್ಲಿಂದಲೇ ಕೈಮುಗಿದಳು. ವನಿತಾ ಚಪ್ಪಾಳೆ ತಟ್ಟುತ್ತಿದ್ದಳು, ಎಲ್ಲರಂತೆಯೇ, ಎಲ್ಲರೂ ನಿಲ್ಲಿಸಿದಾಗ ನಿಲ್ಲಿಸಿದಳು.

ಬೆಡ್‌ಶೀಟ್ ಬಿಚ್ಚುವಾಗ ಹಾರುಮಿ ಕೇಳಿದಳು: “ಅವಳು ಏನು ಹೇಳಿದಳು?”

ನಾನು ಇಂಗ್ಲಿಷಿನಲ್ಲಿ ಹೇಳಿದೆ. ಇಂಗ್ಲಿಷಿನಲ್ಲಿ ಆ ಮಾತು ಬಹಳ ಚಿಕ್ಕದಾಗಿ, ಸ್ವಲ್ಪ ಒರಟಾಗಿ ಕೇಳಿಸಿತು. ಅವಳು ತಲೆ ಬಾಗಿಸಿ “ಥ್ಯಾಂಕ್ ಯೂ ಫಾರ್ ಯುವರ್ ಹಾರ್ಡ್ ವರ್ಕ್” ಎಂದಳು. ನಾನೇ ಕಲಿಸಿದ ವಾಕ್ಯ. ಡಿವಿಡಿಯನ್ನು ಬಟ್ಟೆಯಲ್ಲಿ ಸುತ್ತಿಕೊಂಡು ಹೋದಳು. ಆ ಚಿತ್ರದ ವಿಷಯ ಅವಳು ಮತ್ತೆಂದೂ ನನ್ನ ಮುಂದೆ ಎತ್ತಲಿಲ್ಲ.

ಮರುದಿನ ಶನಿವಾರ ಜಗದೀಶನ ಫೋನು. “ಅಕ್ಕ, ಎಂತ ಮಂತ್ರ ಹಾಕಿದ್ರಿ ನೀವು? ಒಂದು ವರ್ಷದಿಂದ ಜಗ್ಗದವಳು ಬೆಳಿಗ್ಗೆ ಕಾಫಿ ಕುಡೀತಾ ‘ಆಯ್ತು ಅಣ್ಣ’ ಅಂದ್ಳು. ಸುಜಾತ ನಿಮ್ಮ ಹೆಸರಲ್ಲಿ ಪಾಯಸ ಮಾಡಿದ್ದಾಳೆ.”

ಅವನು ನಿಜವಾಗಿ ಖುಷಿಯಲ್ಲಿದ್ದ. ಇನ್ನೊಂದು ತುದಿಯಲ್ಲಿ ಕುಕ್ಕರಿನ ಸೀಟಿ ಕೇಳಿಸುತ್ತಿತ್ತು. ‘ಜಗದೀಶ, ಒಂದು ನಿಮಿಷ, ನಿನ್ನತ್ರ ಮಾತಾಡ್ಲಿಕ್ಕುಂಟು’ ಎನ್ನಲು ಅದಕ್ಕಿಂತ ಒಳ್ಳೆಯ ಹೊತ್ತು ಸಿಗುತ್ತಿರಲಿಲ್ಲ. ನಾನು, “ಹೌದಾ? ಒಳ್ಳೆಯದಾಯ್ತು” ಎಂದೆ. ರಿಸೀವರ್ ಇಟ್ಟ ಮೇಲೆ ಅಡುಗೆಮನೆಗೆ ಹೋಗಿ, ತೊಳೆದಿಟ್ಟಿದ್ದ ಲೋಟಗಳನ್ನು ಮತ್ತೊಮ್ಮೆ ತೊಳೆದೆ.

ವನಿತಾಳನ್ನು ಕಾಣಲು ನನಗೆ ಒಂಬತ್ತು ದಿನ ಬೇಕಾಯಿತು. ಹಲ್ಲುನೋವೆಂದು ನೆಪ ಮಾಡಿಕೊಂಡು ಕ್ಲಿನಿಕ್‌ಗೆ ಹೋದೆ. ಮಧ್ಯಾಹ್ನದ ಬಿಡುವಿಗೆ ಮುಂಚಿನ ಹೊತ್ತು, ಕಾಯುವ ಕುರ್ಚಿಗಳಲ್ಲಿ ಯಾರೂ ಇರಲಿಲ್ಲ. ಅವಳು ರಿಜಿಸ್ಟರಿನಿಂದ ತಲೆ ಎತ್ತಿ ನಕ್ಕಳು.

“ಯಾವ ಹಲ್ಲು ಅಕ್ಕ?”

“ಹಲ್ಲಲ್ಲ. ವನಿತಾ, ಅವತ್ತು ನಾನು ಹೇಳಿದ್ದು ಸಿನೆಮಾದ್ದು. ನೀನು ಅದನ್ನು ಮನಸ್ಸಿಗೆ ತಕ್ಕೊಂಡು…”

“ಅದು ಸಿನೆಮಾದ್ದಲ್ಲ ಅಂತ ನನಗೆ ಗೊತ್ತುಂಟು.” ಅವಳು ಪೆನ್ನಿನ ಮುಚ್ಚಳ ಹಾಕಿದಳು. “ನಾನೂ ನೋಡ್ತಿದ್ದೆನಲ್ಲ. ಅವಳ ತುಟಿ ಅಲುಗಿದ್ದು ಇಷ್ಟು. ಅಷ್ಟು ಉದ್ದದ ಮಾತು ಅವಳು ಆಡಿರ್ಲಿಲ್ಲ.”

ಅವಳು ರಿಜಿಸ್ಟರ್ ಮುಚ್ಚಿ ಪಕ್ಕಕ್ಕಿಟ್ಟಳು.

“ಆ ಸಿನೆಮಾದ ಹುಡುಗಿಯ ಮಾತು ಕೇಳಿ ನಾನು ಒಪ್ಪಿದ್ದಲ್ಲ ಅಕ್ಕ. ನೀವು ಅಣ್ಣನತ್ರ ಮಾತಾಡುವುದಿಲ್ಲ ಅಂತ ಗೊತ್ತಾಯ್ತು. ಅಷ್ಟೇ. ಮತ್ತೆ ಇನ್ನು ಯಾರತ್ರ ಹೋಗುವುದು?”

“ಈಗ ಮಾತಾಡ್ತೇನೆ. ಇವತ್ತೇ.”

“ಈಗ ಬೇಡ. ನವೀನ್‌ಗೆ ಹೇಳಿಯಾಯ್ತು. ಹೇಳುವಾಗ ಗಂಟಲೂ ಕಟ್ಲಿಲ್ಲ, ನೋಡಿ. ಖಲಾಸ್.” ಅವಳು ನನ್ನ ಕೈ ಮೇಲೆ ಕೈಯಿಟ್ಟು ತಟ್ಟಿದಳು, ಹಲ್ಲು ಕೀಳಿಸಲು ಬಂದವರನ್ನು ಸಮಾಧಾನಪಡಿಸುವಂತೆ. “ನೀವು ಬೇಜಾರು ಮಾಡ್ಬೇಡಿ. ಚಂದ ಹೇಳಿದ್ರಿ. ನನಗೂ ಕಣ್ಣಲ್ಲಿ ನೀರು ಬಂತು.”

ಹೊರಗೆ ಬಿಸಿಲಿನಲ್ಲಿ ಟ್ಯಾಕ್ಸಿ ಕಾಯುತ್ತಾ ನಿಂತಾಗ ನನಗೆ ತಿಳಿದದ್ದು ಇದು: ಆ ಮಾತು ಆ ಸಂಜೆ ಹೊಳೆದದ್ದಲ್ಲ. ಇಪ್ಪತ್ತೊಂದು ವರ್ಷದವಳಿದ್ದಾಗ ನನಗೆ ಇಂಗ್ಲಿಷ್ ಎಂ.ಎ.ಗೆ ಸೀಟು ಸಿಕ್ಕಿತ್ತು. ಅದೇ ತಿಂಗಳು ಈ ಸಂಬಂಧ ಬಂತು. ಅಪ್ಪನ ಮುಖ ನೋಡಿ ‘ಆಯ್ತು’ ಎಂದೆ. ನನ್ನ ಸಂಸಾರ ಚೆನ್ನಾಗಿಯೇ ನಡೆದಿದೆ, ದೂರುವುದಕ್ಕೇನೂ ಇಲ್ಲ. ಆದರೆ ನಾನು ಮಾಡಿದ್ದು ಸರಿ ಎಂದು ನನಗೆ ನಾನೇ ಹೇಳಿಕೊಳ್ಳಲು ಹದಿನೆಂಟು ವರ್ಷ ಕೂಡಿಸಿಟ್ಟ ಮಾತುಗಳು ಅವು. ಅಷ್ಟು ಸಲೀಸಾಗಿ, ಒಮ್ಮೆಯೂ ತಡವರಿಸದೆ ಬಂದದ್ದು ಅದಕ್ಕೇ. ಇನ್ನೊಬ್ಬ ಹುಡುಗಿ ಹೊರಟು ಹೋಗಿಬಿಟ್ಟರೆ ಅವು ಸುಳ್ಳಾಗುತ್ತಿದ್ದವೇನೋ.

ಮೇ ತಿಂಗಳಲ್ಲಿ ಮದುವೆಯಾಯಿತು. ವನಿತಾ ಮುಂಬಯಿಗೆ ಹೋದಳು. ಗಂಡ ಸಜ್ಜನ, ಇಬ್ಬರು ಹೆಣ್ಣುಮಕ್ಕಳಾದರು ಎಂದು ಆಮೇಲೆ ತಿಳಿಯಿತು. ಅವಳ ಬಾಳು ಹಾಳಾಯಿತೆಂದು ನಾನು ಇಲ್ಲಿ ಬರೆದರೆ ಅದೂ ಅವಳ ಪರವಾಗಿ ನಾನೇ ಆಡಿದ ಇನ್ನೊಂದು ಮಾತಾದೀತು. ನನಗೆ ಗೊತ್ತಿಲ್ಲ. ಕೇಳುವ ಹಕ್ಕನ್ನು ನಾನು ಉಳಿಸಿಕೊಂಡಿರಲಿಲ್ಲ.

2009ರಲ್ಲಿ ನಾವು ದೋಹಾ ಬಿಟ್ಟು ಊರಿಗೆ ಹೊರಡುವ ವಾರ ಜಗದೀಶ ಸಾಮಾನು ಕಟ್ಟಲು ಸಹಾಯಕ್ಕೆ ಬಂದಿದ್ದ. ಪೆಟ್ಟಿಗೆಗೆ ಟೇಪ್ ಅಂಟಿಸುತ್ತಿದ್ದವನು ತಲೆ ಎತ್ತದೆ ಕೇಳಿದ:

“ಅಕ್ಕ, ವನಿತಾಗೆ ಇಲ್ಲಿ ಒಬ್ಬ ಹುಡುಗ ಇದ್ದನಂತೆ. ಹೋದ ರಜೆಯಲ್ಲಿ ಅವಳೇ ಹೇಳಿದ್ಳು, ನಗ್ತಾ. ನಿಮಗೆ ಗೊತ್ತಿತ್ತಾ?”

“ಗೊತ್ತಿತ್ತು. ನಿನ್ನತ್ರ ಮಾತಾಡ್ತೇನೆ ಅಂತ ಅವಳಿಗೆ ಹೇಳಿದ್ದೆ. ಮಾತಾಡ್ಲಿಲ್ಲ.”

ಅವನು ಟೇಪನ್ನು ಹಲ್ಲಿನಲ್ಲಿ ಕಚ್ಚಿ ಹರಿದ. ಅದನ್ನು ಅಂಟಿಸಿ ಒತ್ತುತ್ತಾ, “ನೀವು ಹೇಳಿದ್ರೂ ನಾನು ಒಪ್ತಿದ್ದೆನೋ ಇಲ್ವೋ, ಸುಳ್ಳು ಯಾಕೆ ಹೇಳ್ಬೇಕು” ಎಂದ. “ಆದ್ರೆ ಅವಳು ಬೇಡ ಅಂದದ್ದು ಯಾಕೆ ಅಂತ ಗೊತ್ತಾಗ್ತಿತ್ತು ಅಕ್ಕ. ನಾನು ಅವಳಿಗೆ ಮದುವೆ ಅಂದ್ರೆ ಹೆದರಿಕೆ ಅಂತ ಎಣಿಸಿ ಅವಳನ್ನು ತಮಾಷೆ ಮಾಡ್ತಿದ್ದೆ.”

ಬೈದಿದ್ದರೆ ನನಗೆ ಹಗುರವಾಗುತ್ತಿತ್ತು. ಅವನು ಮುಂದಿನ ಪೆಟ್ಟಿಗೆ ಎಳೆದುಕೊಂಡ.

ಊರಿಗೆ ಬಂದ ಮೇಲೂ ಮನೆಯಲ್ಲಿ ಸ್ಪೋಕನ್ ಇಂಗ್ಲಿಷ್ ಕ್ಲಾಸು ಮುಂದುವರಿಸಿದ್ದೇನೆ. ಈಗ ಬರುವವರು ಹೆಚ್ಚಾಗಿ ಇಂಟರ್ವ್ಯೂಗೆ ತಯಾರಾಗುವ ಹುಡುಗಿಯರು. ವಿದ್ಯಾರ್ಥಿನಿ ವಾಕ್ಯದ ನಡುವೆ ತಡೆದು ನಿಂತಾಗ ಟೀಚರಿಗೆ ಆಗುವ ಆತುರ ಬಹಳ ದೊಡ್ಡದು. ಬೇಕಾದ ಪದ ನಮ್ಮ ನಾಲಿಗೆಯ ತುದಿಯಲ್ಲೇ ಇರುತ್ತದೆ, ಅದನ್ನು ಕೊಟ್ಟುಬಿಟ್ಟರೆ ಸಹಾಯ ಮಾಡಿದಂತೆಯೇ ಕಾಣುತ್ತದೆ. ಕೊಡಬಾರದು ಎಂದು ಈ ಕೆಲಸ ನನಗೆ ಕಲಿಸಿದೆ. ಕಾಯಬೇಕು. ಯಾರಾದರೂ ‘ನನ್ನ ಪರವಾಗಿ ಒಂದು ಮಾತು ಹೇಳಿ’ ಎಂದು ಬಂದರೆ ಮಾತ್ರ ಕಾಯಬಾರದು, ಆ ದಿನವೇ ಚಪ್ಪಲಿ ಮೆಟ್ಟಿ ಹೊರಡಬೇಕು. ನಾನು ಎರಡನ್ನೂ ತಿರುವುಮುರುವು ಮಾಡಿದೆ.

ಹೋದ ತಿಂಗಳು ಒಬ್ಬ ಹುಡುಗಿ, “ಮೈ ಫ್ಯಾಮಿಲಿ ವಾಂಟ್ಸ್ ಮಿ ಟು ಬಿಕಮ್ ಎ ನರ್ಸ್, ಆ್ಯಂಡ್ ಐ…” ಎಂದು ನಿಂತಳು. ಅವಳ ಹೆಬ್ಬೆರಳು ಮೇಜಿನ ಅಂಚನ್ನು ಉಜ್ಜುತ್ತಿತ್ತು. ಉಳಿದವರು ನನ್ನ ಮುಖ ನೋಡಿದರು. ನಾನು ಏನೂ ಹೇಳಲಿಲ್ಲ. ಅವಳು ಆ ದಿನ ವಾಕ್ಯ ಮುಗಿಸಲೇ ಇಲ್ಲ. ಇನ್ನೂ ಮುಗಿಸಿಲ್ಲ. ಮಂಗಳವಾರ, ಗುರುವಾರ ಬರುತ್ತಾಳೆ. ನಾನು ಕೇಳಲು ಕುಳಿತಿರುತ್ತೇನೆ.